ಹ. ಅಬ್ಬಾಸ್(ರ)ರ ಮನೆ ಮತ್ತು ಖಲೀಫರ ಅಧಿಕಾರ

ಮದೀನಾದ ಮಸ್ಜಿದುನ್ನಬವಿಯು ನಿಂತಿರುವ ನೆಲವು ಹಿಂದೆ ಖರ್ಜೂರ ಒಣಗಿಸುವ ಬಯಲಾಗಿತ್ತು. ಸಹ್ಲ್ ಮತ್ತು ಸುಹೈಲ್ ಎಂಬ ಇಬ್ಬರು ಅನಾಥ ಬಾಲಕರು ಅದರ ಒಡೆಯರು. ಪ್ರವಾದಿ(ಸ)ರು ಬೆಲೆ ವಿಚಾರಿಸಿದಾಗ ಅವರು ದಾನವಾಗಿಯೇ ಕೊಡುವುದಾಗಿ ಹೇಳಿದರು. ಆದರೆ ಪ್ರವಾದಿ(ಸ)ರು ಅದನ್ನೊಪ್ಪದೆ ಖರೀದಿಸಿಯೇ ಪಡೆದರೆಂದು ಸಹೀಹ್ ಬುಖಾರಿಯ ವರದಿಯೊಂದು ತಿಳಿಸುತ್ತದೆ.

ಅದೇ ಮಸೀದಿಯ ವಿಸ್ತರಣೆಯ ಸಂದರ್ಭದಲ್ಲಿ, ಹಿಜ್ರಿ 17ರಲ್ಲಿ, ಆಡಳಿತ ಮತ್ತು ಮನೆಯೊಡೆಯನ ನಡುವಿನ ಪ್ರಶ್ನೆಯು ನೇರವಾಗಿ ಎದುರಾಯಿತು. ಜನಸಂಖ್ಯೆ ಹೆಚ್ಚಿ ಮಸೀದಿ ಕಿರಿದಾಗಿತ್ತು. ಪಕ್ಕದಲ್ಲಿದ್ದ ಮನೆ ಪ್ರವಾದಿ(ಸ)ರ ಚಿಕ್ಕಪ್ಪ ಹ. ಅಬ್ಬಾಸ್(ರ)ರದು. ಖಲೀಫ ಹ. ಉಮರ್(ರ) ಅವರ ಮುಂದೆ ಮೂರು ದಾರಿಗಳನ್ನಿಟ್ಟರು: ಬೈತುಲ್ ಮಾಲ್‌ನಿಂದ ಬೇಕಾದ ಬೆಲೆ ಪಡೆದು ಮಾರಬೇಕು, ಇಲ್ಲವೇ ಮದೀನಾದಲ್ಲಿ ಬೇರೆಡೆ ನಿವೇಶನ ಪಡೆದು ಅಲ್ಲಿ ಕಟ್ಟಿಸಿಕೊಡುವ ಮನೆಯನ್ನು ಸ್ವೀಕರಿಸಬೇಕು, ಅದೂ ಆಗದಿದ್ದರೆ ಮುಸ್ಲಿಮರಿಗಾಗಿ ದಾನ ಮಾಡಬೇಕು. ಅಬ್ಬಾಸ್(ರ) ಮೂರನ್ನೂ ನಿರಾಕರಿಸಿದರು.

ವಿವಾದವು ಹ. ಉಬಯ್ಯ್ ಬಿನ್ ಕಅಬ್(ರ)ರ ತೀರ್ಪಿಗೆ ಹೋಯಿತು. ಪ್ರವಾದಿ ದಾವೂದ್(ಅ)ರು ಬೈತುಲ್ ಮುಕದ್ದಸ್ ಕಟ್ಟಲು ಹೊರಟಾಗ ಒಬ್ಬಾತನ ಮನೆ ಅಡ್ಡಬಂದುದನ್ನೂ, ಅದನ್ನು ಬಲವಂತವಾಗಿ ಪಡೆಯುವ ಯೋಚನೆ ಅವರ ಮನಸ್ಸಿನಲ್ಲಿ ಮೂಡಿದಾಗ ಅಲ್ಲಾಹನು ಎಚ್ಚರಿಸಿದುದನ್ನೂ ತಾವು ಪ್ರವಾದಿ(ಸ)ರಿಂದ ಕೇಳಿದ್ದಾಗಿ ಉಬಯ್ಯ್(ರ) ಹೇಳಿದರು. ಕಸಿದುಕೊಂಡ ನೆಲದಲ್ಲಿ ಅಲ್ಲಾಹನ ಮನೆಯನ್ನು ಕಟ್ಟುವಂತಿಲ್ಲ ಎಂಬುದು ಅದರ ಸಾರ. ಉಮರ್(ರ) ಅವರನ್ನು ಮಸೀದಿಗೆ ಕರೆತಂದು ಸಾಕ್ಷಿ ಕೇಳಿದರು. ಹ. ಅಬೂದರ್ರ್(ರ) ಮತ್ತಿತರರು ತಾವೂ ಕೇಳಿದ್ದೇವೆಂದರು. ಖಲೀಫರು ತಮ್ಮ ಬೇಡಿಕೆಯನ್ನು ಕೈಬಿಟ್ಟರು. ಆ ಬಳಿಕವೇ ಅಬ್ಬಾಸ್(ರ) ಮನೆಯನ್ನು ದಾನ ಮಾಡಿದರು. ಅವರಿಗೆ ಬೈತುಲ್ ಮಾಲ್‌ನಿಂದ ಬೇರೆ ಮನೆ ಕಟ್ಟಿಸಲಾಯಿತು ಎಂದು ಇಬ್ನ್ ಸಅದ್ ತಮ್ಮ ತಬಕಾತ್‌ನಲ್ಲಿ ದಾಖಲಿಸಿದ್ದಾರೆ.

ಈ ಘಟನೆಯನ್ನು ಉದಾರ ದಾನದ ಕಥೆಯಾಗಿ ಹೇಳುವುದು ನಮ್ಮಲ್ಲಿ ರೂಢಿ. ಆದರೆ ದಾನಕ್ಕಿಂತ ಮೊದಲು ತೀರ್ಪು ಬಂದಿತ್ತು ಎಂಬುದನ್ನು ನಾವು ಮರೆಯಬಾರದು. 'ಇಲ್ಲ' ಎನ್ನುವ ಹಕ್ಕು ಸ್ಥಾಪಿತವಾದ ಮೇಲೆ 'ಹೌದು' ಎಂದುದರಿಂದಲೇ ಅದು ದಾನವಾಯಿತು.

ಹಾಗೆಂದು ಇತಿಹಾಸದ ಇನ್ನೊಂದು ಪುಟವನ್ನು ಮುಚ್ಚಿಡುವುದು ಪ್ರಾಮಾಣಿಕತೆಯಲ್ಲ. ಅದೇ ಉಮರ್(ರ)ರ ಕಾಲದಲ್ಲಿ ಮಕ್ಕಾದ ಮಸ್ಜಿದುಲ್ ಹರಾಮ್ ವಿಸ್ತರಿಸುವಾಗ ಕೆಲವರು ಮಾರಲು ಒಪ್ಪಲಿಲ್ಲ. ಅವರ ಮನೆಗಳನ್ನು ಕೆಡವಲಾಯಿತು; ಬೆಲೆಯನ್ನು ಅವರು ಬಂದು ಪಡೆಯುವವರೆಗೆ ಖಜಾನೆಯಲ್ಲಿರಿಸಲಾಯಿತು. ಹಿಜ್ರಿ 26ರಲ್ಲಿ ಹ. ಉಸ್ಮಾನ್(ರ)ರೂ ಹಾಗೆಯೇ ಮಾಡಿದರು, ಪ್ರತಿಭಟಿಸಿದವರನ್ನು ಬಂಧನದಲ್ಲಿಟ್ಟರು ಎಂದು ಇತಿಹಾಸಕಾರರು ಬರೆದಿದ್ದಾರೆ. ಕಅಬಾ ಮೊದಲೇ ಅಲ್ಲಿತ್ತು, ಮನೆಗಳು ನಂತರ ಅದರ ಅಂಗಳದಲ್ಲಿ ಎದ್ದವು ಎಂಬುದು ಆಗಿನ ವಾದ. ಸಾರ್ವಜನಿಕ ಅನಿವಾರ್ಯತೆಯಲ್ಲಿ ನ್ಯಾಯಬೆಲೆಗೆ ಸ್ವಾಧೀನ ಸಮ್ಮತವೆನ್ನುವ ಫಿಕ್‌ಹ್ ವಿದ್ವಾಂಸರು ಈ ನಿದರ್ಶನವನ್ನು ಆಧಾರವಾಗಿ ಹಿಡಿದರು. ಎರಡೂ ಘಟನೆಗಳಲ್ಲಿ ಸಮಾನವಾದುದು ಒಂದೇ: ಬೆಲೆಯಿಲ್ಲದೆ ಯಾರ ಮನೆಯನ್ನೂ ಕಸಿಯಲಿಲ್ಲ.

ಹನಫೀ ಫಿಕ್‌ಹನ್ನು ಆಧರಿಸಿ ಉಸ್ಮಾನಿಯಾ ಸಾಮ್ರಾಜ್ಯದಲ್ಲಿ 1869ರಿಂದ 1876ರವರೆಗೆ ರೂಪುಗೊಂಡ 'ಮಜಲ್ಲ' ಎಂಬ ಕಾನೂನು ಸಂಹಿತೆ ಇದನ್ನು ತನ್ನ 1216ನೇ ವಿಧಿಯಲ್ಲಿ ಖಚಿತಪಡಿಸಿತು. ಅಗತ್ಯ ಬಿದ್ದರೆ ಸುಲ್ತಾನರ ಆಜ್ಞೆಯಿಂದ ಖಾಸಗಿ ಸೊತ್ತನ್ನು ಅದರ ಮೌಲ್ಯ ಕೊಟ್ಟು ರಸ್ತೆಗೆ ಸೇರಿಸಬಹುದು. ಆದರೆ ಹಣ ಪಾವತಿಯಾಗುವವರೆಗೆ ಅದನ್ನು ಒಡೆಯನ ಕೈಯಿಂದ ತೆಗೆದುಕೊಳ್ಳುವಂತಿಲ್ಲ. ಬೆಲೆ ಎಷ್ಟು ಎಂಬಷ್ಟೇ ಮುಖ್ಯವಾದುದು ಬೆಲೆ ಯಾವಾಗ ಎಂಬ ಪ್ರಶ್ನೆ. ಮನೆ ಕಳೆದುಕೊಂಡು ವರ್ಷಗಟ್ಟಲೆ ಪರಿಹಾರಕ್ಕೆ ಅಲೆದವರಿಗೆ ಇದನ್ನು ವಿವರಿಸಬೇಕಾಗಿಲ್ಲ.

ನಮ್ಮ ದೇಶದಲ್ಲಿ 1894ರ ಬ್ರಿಟಿಷ್ ಕಾಲದ ಕಾಯಿದೆಯ ಸ್ಥಾನಕ್ಕೆ ಬಂದ 2013ರ ಭೂಸ್ವಾಧೀನ ಕಾಯಿದೆಯ 38ನೇ ಕಲಮೂ ಸಾಮಾನ್ಯವಾಗಿ ಪೂರ್ಣ ಪರಿಹಾರ ಪಾವತಿಯಾದ ಬಳಿಕವೇ ಸ್ವಾಧೀನ ಎನ್ನುತ್ತದೆ. ತುರ್ತು ಸಂದರ್ಭದ ವಿನಾಯಿತಿಯಲ್ಲೂ ಅಂದಾಜು ಪರಿಹಾರದ ಶೇ. 80ನ್ನು ಮುಂಚಿತವಾಗಿ ಕೊಡಬೇಕು. ಎಲ್ಲ ಸ್ವಾಧೀನಗಳೂ ಈ ಕಾಯಿದೆಯಡಿಯೇ ನಡೆಯುವುದಿಲ್ಲ. ಆದುದರಿಂದ ನೋಟಿಸು ಬಂದಾಗ ಅದು ಯಾವ ಕಾಯಿದೆಯದೆಂದು ಮೊದಲು ನೋಡಬೇಕು. ಈ ಕಾಯಿದೆಯಡಿ ಪ್ರಾಥಮಿಕ ಅಧಿಸೂಚನೆ ಹೊರಟ ಬಳಿಕ ಆಕ್ಷೇಪ ಸಲ್ಲಿಸಲು 60 ದಿನಗಳ ಅವಕಾಶವಿದೆ. ಮಕ್ಕಾದ ಖಜಾನೆಯಲ್ಲಿ ಇರಿಸಿದ ಹಣವನ್ನು ನೆನಪಿಸುವ ನಿಯಮವೂ ಇದರಲ್ಲಿದೆ: ಒಡೆಯನು ಪರಿಹಾರ ಸ್ವೀಕರಿಸಲು ಒಪ್ಪದಿದ್ದರೆ ಜಿಲ್ಲಾಧಿಕಾರಿಯು ಅದನ್ನು ಪ್ರಾಧಿಕಾರದಲ್ಲಿ ಠೇವಣಿ ಇಡಬೇಕು. ಹಣ ಪಡೆಯುವುದಾದರೆ, ಮೊತ್ತ ಸಾಲದೆಂಬ ತಕರಾರನ್ನು ಬರವಣಿಗೆಯಲ್ಲಿ ದಾಖಲಿಸಿಯೇ ಪಡೆಯಬೇಕು. ತಕರಾರಿಲ್ಲದೆ ಹಣ ಪಡೆದವನು ಆನಂತರ ಹೆಚ್ಚಿನ ಪರಿಹಾರಕ್ಕಾಗಿ ವಿಷಯವನ್ನು ಪ್ರಾಧಿಕಾರಕ್ಕೆ ಒಪ್ಪಿಸುವಂತೆ ಜಿಲ್ಲಾಧಿಕಾರಿಗೆ ಅರ್ಜಿ ಸಲ್ಲಿಸುವ ಹಕ್ಕನ್ನು ಕಳೆದುಕೊಳ್ಳುತ್ತಾನೆ.