ಕೈಮುಗಿದ ಗೌಡರು, ಕತ್ತಿ ಹಿಡಿದ ಗೌಡರು

ಮತ್ತಿಕೆರೆಯಲ್ಲಿ ಬೋರ್ಡು ಬರೆದು ಸಂಸಾರ ಸಾಕಿದವನು ನಾನು. ಕಿರಾಣಿ ಅಂಗಡಿ, ಲಾರಿ ನಂಬರು, ಶಾಲೆಯ ಗೋಡೆ ಎಲ್ಲವನ್ನೂ ಬರೆದಿದ್ದೇನೆ. ನವೆಂಬರ್ ಬಂತೆಂದರೆ ಮಾತ್ರ ಕೈಗೆ ಬಿಡುವಿರುತ್ತಿರಲಿಲ್ಲ. ಜಾಲಹಳ್ಳಿ ಕಡೆಯ ಕಾರ್ಖಾನೆಗಳ ಕನ್ನಡ ಸಂಘ, ಯಶವಂತಪುರದ ಆಟೋ ಸ್ಟ್ಯಾಂಡು, ಗೋಕುಲದ ಹುಡುಗರ ಬಳಗ, ಎಲ್ಲರಿಗೂ ಕೆಂಪೇಗೌಡರು ಬೇಕು. ಕ್ಯಾಲೆಂಡರಿನ ಚಿತ್ರಕ್ಕೆ ಪೆನ್ಸಿಲಿನಲ್ಲಿ ಚೌಕ ಹಾಕಿ, ತಗಡಿನ ಮೇಲೆ ಸೀಮೆಸುಣ್ಣದಲ್ಲಿ ಅಷ್ಟೇ ಚೌಕ ಹಾಕಿ, ಒಂದೊಂದಾಗಿ ಹಿಗ್ಗಿಸುತ್ತಾ ಹೋಗಬೇಕು. ಪೇಟ, ಮೀಸೆ, ಸರ, ಸೊಂಟದ ಕತ್ತಿ, ಹಿಂದೆ ಒಂದು ಗೋಪುರ. ಸಂಜೆ ಸಂಘದ ಕಾರ್ಯದರ್ಶಿ ಬಂದು, "ಆರ್ಟಿಸ್ಟ್ರೇ, ಗೌಡ್ರ ಮೀಸೆ ಸಾಲ್ದು, ಇನ್ನೊಂಚೂರು ತಿರುವಿ" ಅನ್ನುತ್ತಿದ್ದರು. ತಿರುವುತ್ತಿದ್ದೆ. ದುಡ್ಡು ಅವರದು.

ಗೋಪುರ ಅಂದರೆ ಲಾಲ್‌ಬಾಗಿನದೇ ಆಗಬೇಕು. ನಾಲ್ಕು ಗೋಪುರಗಳಿವೆ: ಲಾಲ್‌ಬಾಗಿನ ಬಂಡೆಯ ಮೇಲೊಂದು, ಕೆಂಪಾಂಬುಧಿ ಕೆರೆಯ ಹತ್ತಿರ ಒಂದು, ಹಲಸೂರು ಕೆರೆಯ ಕಡೆ ಒಂದು, ಮೇಖ್ರಿ ಸರ್ಕಲ್ ಬಳಿ ಒಂದು. ನಮಗೆ ಹತ್ತಿರದ್ದು ಮೇಖ್ರಿ ಸರ್ಕಲ್‌ನದು. ಯಾರೂ ಅದನ್ನು ಬರೆಸಲಿಲ್ಲ. ಲಾಲ್‌ಬಾಗಿನದು ಬಂಡೆಯ ಮೇಲೆ ಎದ್ದು ನಿಂತಿದೆ, ಹಿಂದೆ ಬರೀ ಆಕಾಶ, ಚಿತ್ರಕ್ಕೆ ಹೇಳಿ ಮಾಡಿಸಿದ ಹಾಗಿದೆ. ಹೀಗೆ ಯಲಹಂಕದ ನಾಡಪ್ರಭುವಿನ ಚಿತ್ರದಿಂದ ಯಲಹಂಕದ ದಿಕ್ಕೇ ಬಿಟ್ಟುಹೋಯಿತು. ಅದರಲ್ಲಿ ನನ್ನ ಕೈಯೂ ಇದೆ ಅನ್ನಿ. ಮತ್ತಿಕೆರೆಯ ಕೆರೆಯನ್ನೂ ಯಾರೂ ಬರೆಸಲಿಲ್ಲ. ಅದರ ಅಂಗಳ ಈಗ ಜೆ.ಪಿ. ಪಾರ್ಕ್.

ಶಿವಗಂಗೆಯ ಗಂಗಾಧರೇಶ್ವರ ದೇವಸ್ಥಾನದಲ್ಲಿ ಗೌಡರ ಹಳೆಯ ಲೋಹದ ವಿಗ್ರಹವಿದೆ. ನಾನು ಬರೆದ ಗೌಡರಿಗೂ ಅವರಿಗೂ ಸಂಬಂಧವೇ ಇಲ್ಲ. ಅಲ್ಲಿ ಅವರು ಕೈಮುಗಿದು ನಿಂತಿದ್ದಾರೆ. ಅದು ವಿಶೇಷವೇನಲ್ಲ, ಆ ಕಾಲದ ರೂಢಿ. ತಿರುಪತಿಯಲ್ಲಿ ಕೃಷ್ಣದೇವರಾಯನೂ ಇಬ್ಬರು ರಾಣಿಯರ ನಡುವೆ ಹಾಗೇ ಕೈಮುಗಿದು ನಿಂತಿದ್ದಾನೆ. ದೇವರ ಮನೆಯೊಳಗೆ ದೊರೆಯೂ ಭಕ್ತನೇ. ಎರಕ ಹೊಯ್ದವನಿಗೆ ಕೊಟ್ಟ ಕೆಲಸ ದಾನಿಯ ಮೂರ್ತಿ, ವೀರನದ್ದಲ್ಲ. ಗೌಡರು ದೇವಸ್ಥಾನ ಬಿಟ್ಟು ಬೀದಿಗೆ ಬಂದ ಮೇಲೆ ಕೆಲಸವೇ ಬದಲಾಯಿತು. 1964ರಲ್ಲಿ ಕಾರ್ಪೊರೇಷನ್ ಕಚೇರಿಯ ಮುಂದೆ ಪ್ರತಿಮೆ ಬಂತು. 2022ರ ನವೆಂಬರ್ 11ರಂದು ದೇವನಹಳ್ಳಿಯ ವಿಮಾನ ನಿಲ್ದಾಣದಲ್ಲಿ 108 ಅಡಿಯ ಕಂಚಿನ ಪ್ರತಿಮೆ ಎದ್ದಿತು. ಮಾಡಿದವರು ರಾಮ್ ಸುತಾರ್. ಕತ್ತಿಯೊಂದೇ ನಾಲ್ಕು ಟನ್. ನೋಡಿ ಬಂದೆ, ಕೆಲಸ ಚೆನ್ನಾಗಿದೆ. ಆದರೆ ವಿಮಾನದಿಂದ ಇಳಿದವನಿಗೆ ಬೆಂಗಳೂರು ಅಂದರೆ ಕತ್ತಿ ಹಿಡಿದವರು ಕಟ್ಟಿದ ಊರು ಅನ್ನಿಸುತ್ತದೆ. ಕೆರೆ ಕಟ್ಟಿಸಿ, ಪೇಟೆಗೆ ಬೀದಿ ಹಾಕಿಸಿ, ಕಸುಬಿನವರನ್ನು ಕರೆದು ಕೂರಿಸಿದ ಮನುಷ್ಯನಿಗೆ ಅಳತೆಗೋಲು ಕೊಟ್ಟಿದ್ದರೂ ಒಪ್ಪುತ್ತಿತ್ತು. ನನ್ನನ್ನು ಯಾರು ಕೇಳಬೇಕು?

ಚಿತ್ರ ಬರೆಸುವವನು ಯಾರು ಅನ್ನುವುದರ ಮೇಲೆ ಊರಿನ ರೂಪ ನಿಲ್ಲುತ್ತದೆ ಅನ್ನುವುದು ನನಗೆ ಅಂಗೈಯಷ್ಟು ಸ್ಪಷ್ಟವಾದದ್ದು ರಾಬರ್ಟ್ ಹೋಮ್‌ನ ಚಿತ್ರಗಳಿಂದ. 1791ರಲ್ಲಿ ಕಾರ್ನ್‌ವಾಲಿಸ್ ಟಿಪ್ಪುವಿನ ಮೇಲೆ ದಂಡೆತ್ತಿ ಬಂದಾಗ ಆ ದಂಡಿನ ಜೊತೆ ಬಂದ ಚಿತ್ರಕಾರ ಈತ. ಬೆಂಗಳೂರು, ಸಾವನದುರ್ಗ, ಶ್ರೀರಂಗಪಟ್ಟಣಗಳ ನೋಟಗಳನ್ನು ಬರೆದ. 1794ರಲ್ಲಿ ಅವು ಪುಸ್ತಕವಾಗಿ ಅಚ್ಚಾದವು. ಅದರಲ್ಲಿ ಸೈಪ್ರಸ್ ಮರಗಳ ತೋಟದೊಂದಿಗೆ ಬೆಂಗಳೂರನ್ನು ಪೂರ್ವದಿಂದ ತೋರಿಸುವ ನೋಟವೊಂದಿದೆ. ಎಷ್ಟು ಪ್ರಶಾಂತವಾಗಿದೆ ಎಂದರೆ, ಅಲ್ಲಿ ಯುದ್ಧ ನಡೆದಿತ್ತು ಅಂದರೆ ನಂಬಲಾಗುವುದಿಲ್ಲ. ತೋಟದ ಊರು, ತಂಪಾದ ಊರು ಅನ್ನುವ ಮಾತು ಕ್ಯಾಲೆಂಡರಿಗೆ ಬರುವ ಮೊದಲೇ ಲಂಡನ್ನಿನ ಗೋಡೆಗಳ ಮೇಲೆ ಏರಿತ್ತು.

ಹೋಮ್‌ನದೇ ಇನ್ನೊಂದು ಚಿತ್ರ ಈಗ ಲಂಡನ್ನಿನ ನ್ಯಾಷನಲ್ ಆರ್ಮಿ ಮ್ಯೂಸಿಯಂನಲ್ಲಿದೆ. 1791ರ ಮಾರ್ಚ್ 7ರಂದು ಪೇಟೆಯ ಬಾಗಿಲು ಒಡೆಯುವಾಗ ಸತ್ತ ಕರ್ನಲ್ ಮೂರ್‌ಹೌಸ್‌ನ ಸಾವಿನ ಚಿತ್ರ. ಕಸುಬಿನವನಾಗಿ ಹೇಳುತ್ತೇನೆ, ಭಲೇ ಕೈ. ಬೆಳಕು ಎಲ್ಲಿ ಬೀಳಬೇಕೋ ಅಲ್ಲೇ ಬಿದ್ದಿದೆ. ಬಿದ್ದದ್ದು ದಾಳಿ ಮಾಡಿದವನ ಮೇಲೆ. ಮಾರ್ಚ್ 21ರ ರಾತ್ರಿ ಕೋಟೆ ಬಿದ್ದಾಗ ಅದನ್ನು ಕಾಯುತ್ತಾ ಪ್ರಾಣ ಬಿಟ್ಟ ಕಿಲ್ಲೇದಾರ ಬಹದ್ದೂರ್ ಖಾನನ ಕಥೆಯನ್ನು ನಾವು ಪುಸ್ತಕದಲ್ಲಿ ಓದಿಕೊಳ್ಳಬೇಕು. ಮರುವರ್ಷ ಟಿಪ್ಪುವಿನ ಮಕ್ಕಳನ್ನು ಕಾರ್ನ್‌ವಾಲಿಸ್ ಒತ್ತೆ ಇರಿಸಿಕೊಂಡ ದೃಶ್ಯವನ್ನೂ ಹೋಮ್ ಬರೆದ. ಅದರಲ್ಲಿ ಒಂದು ಬದಿಗೆ, ಚಿತ್ರದ ಕಟ್ಟು ಹಿಡಿದ ತನ್ನನ್ನೂ ಸೇರಿಸಿಕೊಂಡಿದ್ದಾನೆ. ನಾವು ಬೋರ್ಡಿನ ಬಲಮೂಲೆಯಲ್ಲಿ ಹೆಸರು ಬರೆಯುವಷ್ಟಕ್ಕೇ ನಿಂತೆವು.

ಇದಕ್ಕಿಂತ ಸಾವಿರ ವರ್ಷ ಹಿಂದಿನ ಇನ್ನೊಂದು ಸಾವಿನ ಚಿತ್ರ ಹೆಬ್ಬಾಳದಲ್ಲಿದೆ. 2018ರಲ್ಲಿ ಬೆಳಕಿಗೆ ಬಂದ ಕಲ್ಲು. ಅಂದಾಜು ಕ್ರಿ.ಶ. 750ರದು, ಗಂಗರ ಶ್ರೀಪುರುಷನ ಕಾಲದ್ದು. ಪೆರ್ಬೊಳಲ್ ನಾಡು ಮೂವತ್ತು ಅನ್ನುವ, ಮೂವತ್ತು ಹಳ್ಳಿಗಳ ನಾಡಿನ ಮೇಲೆ ರಟ್ಟವಾಡಿಯವರು, ಅಂದರೆ ರಾಷ್ಟ್ರಕೂಟರ ಕಡೆಯವರು ಬಿದ್ದಾಗ ಕಿಟ್ಟಯ್ಯ ಅನ್ನುವವನು ಹೋರಾಡಿ ಸತ್ತ. ಅವನ ರೂಪವನ್ನೂ ಹೆಸರನ್ನೂ ಒಂದೇ ಕಲ್ಲಿನಲ್ಲಿ ಕೊರೆದರು. ಬೆಂಗಳೂರಿನವನೊಬ್ಬನ ಅತಿ ಹಳೆಯ ಚಿತ್ರ ಇದೇ ಎಂದು ಶಾಸನ ಬಲ್ಲವರು ಹೇಳುತ್ತಾರೆ. ಮಿಥಿಕ್ ಸೊಸೈಟಿಯವರು ಬೆಂಗಳೂರಿನ ಸುತ್ತಮುತ್ತಲ ಶಾಸನಗಳನ್ನು 3ಡಿ ಸ್ಕ್ಯಾನ್ ಮಾಡುತ್ತಿರುವುದರಿಂದ, ಸವೆದ ಅಕ್ಷರಗಳನ್ನೂ ಈಗ ಪರದೆಯ ಮೇಲೆ ಓದಬಹುದು.

ಈ ಕಲ್ಲಿನ ಮುಂದೆ ನಾನು ಹೆಚ್ಚು ಹೊತ್ತು ನಿಂತೆ. ಹೋಮ್‌ನ ಕುಂಚದ ಮುಂದೆ ಈ ಉಳಿ ಒರಟೇ. ನೆರಳಿಲ್ಲ, ದೂರವಿಲ್ಲ, ಹಿಂದೆ ಊರಿಲ್ಲ, ಬೆಟ್ಟವಿಲ್ಲ. ಆದರೆ ಇದು ದೂರದಲ್ಲಿರುವ ಯಾರಿಗೋ ತೋರಿಸಲು ಮಾಡಿದ್ದಲ್ಲ. ನೋಡುವವರಿಗೆಲ್ಲ ಕಿಟ್ಟಯ್ಯ ಗೊತ್ತು. ಊರು ಹೇಗಿದೆ ಅಂತ ಅವರಿಗೆ ಬರೆದು ಹೇಳಬೇಕಾಗಿಯೂ ಇರಲಿಲ್ಲ. ಬೇಗೂರಿನಿಂದ ಬಂದು ಕಸ್ತೂರಬಾ ರಸ್ತೆಯ ಮ್ಯೂಸಿಯಂನಲ್ಲಿರುವ ಗಂಗರ ಕಾಲದ ಕಲ್ಲಿನಲ್ಲಾದರೆ ಇಡೀ ಕಾಳಗವೇ ತುಂಬಿದೆ. ತುಂಬೆಪಾಡಿಯಲ್ಲಿ ಸತ್ತ ನಾಗತ್ತರನ ನೆನಪಿನ ಕಲ್ಲು ಅದು. ಅವನ ಪಟ್ಟವನ್ನು ಇರುಗನಿಗೆ ಕಟ್ಟಿ, ಹನ್ನೆರಡು ಹಳ್ಳಿಗಳನ್ನು ಅರಸ ಕೊಟ್ಟದ್ದೂ ಅದರಲ್ಲೇ ಬರೆದಿದೆ. ಅಲ್ಲಿಗೆ ಆ ಕಲ್ಲು ಅರ್ಧ ನೆನಪು, ಅರ್ಧ ಪತ್ರ. ಕಲ್ಲು ಹಾಕಿಸಿದವರೂ ಲೆಕ್ಕ ಇಟ್ಟುಕೊಂಡೇ ಹಾಕಿಸಿದರು. ಹಾಗಂತ ಅವರ ಮೇಲೆ ನನಗೆ ಬೇಸರವಿಲ್ಲ. ಆ ಹಳ್ಳಿಗಳ ಪಟ್ಟಿ ಇರುವುದರಿಂದಲೇ ಅಲ್ಲೆಲ್ಲ ಆಗಲೇ ಜನರಿದ್ದರು, ಹೊಲವಿತ್ತು, ಜಗಳವಿತ್ತು ಅನ್ನುವುದು ನಮಗೆ ತಿಳಿಯುತ್ತದೆ. 1537ರಲ್ಲಿ ಮಣ್ಣಿನ ಕೋಟೆ ಎದ್ದ ಮೇಲೇ ಬೆಂಗಳೂರು ಹುಟ್ಟಿತು, ಅದಕ್ಕೆ ಮೊದಲು ಬರೀ ಕಾಡು ಅಂತ ನಾನೇ ಎಷ್ಟೋ ಶಾಲೆಗಳ ಗೋಡೆಗೆ ಬರೆದುಕೊಟ್ಟಿದ್ದೆ: ಮೊಲ ನಾಯಿಯನ್ನು ಅಟ್ಟಿಸಿಕೊಂಡು ಹೋಗುವ ಚಿತ್ರ, ಪಕ್ಕದಲ್ಲಿ ಕುದುರೆ ಮೇಲೆ ಗೌಡರು.

ಈಗ ತಗಡು ಬರೆಸುವವರು ಕಡಿಮೆ. ಫ್ಲೆಕ್ಸ್‌ಗೆ ರಾತ್ರಿ ಹೇಳಿದರೆ ಬೆಳಗ್ಗೆ ಕೈಗೆ ಬರುತ್ತದೆ. ಆದರೂ ನಮ್ಮ ಸಂಘದವರು ಹಳೆಯ ಸಲಿಗೆಗೆ ಡಿಸೈನಿನ ಬಗ್ಗೆ ಕೇಳುತ್ತಾರೆ. ಕಿಟ್ಟಯ್ಯನ ಸ್ಕೆಚ್ ಒಂದನ್ನು ಹಾಕಿ ತೋರಿಸಿದೆ. ಬಟ್ಟೆಗೆ ಯಾವ ಬಣ್ಣ ಅಂತ ಕೇಳಿದರು. ಕಲ್ಲು ಬಣ್ಣ ಹೇಳುವುದಿಲ್ಲ, ಕಲ್ಲಿನ ಬಣ್ಣದಲ್ಲೇ ಬಿಡೋಣ ಅಂದೆ. ಕಾರ್ಯದರ್ಶಿ ಸ್ವಲ್ಪ ಯೋಚಿಸಿ, "ಆಯ್ತು ಹಾಕೋಣ ಬಿಡಿ. ಆದ್ರೆ ನಡುವೆ ಗೌಡ್ರು ಇರ್ಲಿ, ಮೇಲೆ ಫ್ಲೆಕ್ಸ್ ಕೊಡ್ಸೋರ ಫೋಟೋ ಬರ್ಬೇಕು, ಎಡಗಡೆ ಕೆಳಗೆ ಒಂದಡಿ ಜಾಗ ಇದೆ" ಅಂದರು. ಒಂದೂವರೆ ಅಡಿ ಕೇಳಿದ್ದೇನೆ.