ಕೈಯಾರೆ ನಿಲ್ಲಿಸುವ ಗಣಕವ್ಯವಸ್ಥೆ

ಹೊಸ ಗಣಕಯಂತ್ರವನ್ನು ಕೊಂಡವರಿಗೆ ಅದರೊಳಗಿನ ವ್ಯವಸ್ಥೆಯನ್ನು ಯಾರು ನಿಲ್ಲಿಸಿದರು ಎಂಬ ಪ್ರಶ್ನೆ ಏಳುವುದಿಲ್ಲ. ಆದರೆ ವಾಚಕರೆ, ಒಂದೊಂದೇ ಆಜ್ಞೆಯನ್ನು ಬರೆದು ಅದನ್ನು ತಾವೇ ನಿಲ್ಲಿಸಿಕೊಳ್ಳುವವರು ಇಂದಿಗೂ ಉಂಟು. ಬಡತನದಲ್ಲಿ ಹುಟ್ಟಿ, ಆಮೇಲೆ ವ್ರತವಾದ ಪದ್ಧತಿಯಿದು.

ಹೆಲ್ಸಿಂಕಿಯ ವಿದ್ಯಾರ್ಥಿ ಲಿನಸ್ ಟೋರ್ವಾಲ್ಡ್ಸನು 1991ರ ಸೆಪ್ಟೆಂಬರಿನಲ್ಲಿ ಲಿನಕ್ಸಿನ ಮೊದಲ ರೂಪವನ್ನು ಹೊರತಂದಾಗ ಅದನ್ನು ಸ್ಥಾಪಿಸಿಕೊಡುವ ಸಾಧನವೇ ಇರಲಿಲ್ಲ. ಮುಂದೆ ಎರಡು ಫ್ಲಾಪಿಗಳು ಬಂದವು: ಒಂದು ಯಂತ್ರವನ್ನು ಎಬ್ಬಿಸುವುದಕ್ಕೆ, ಇನ್ನೊಂದು ಸಲಕರಣೆಗಳಿಗೆ. ಉಳಿದುದೆಲ್ಲ ಕೈಗೆಲಸ. 1993ರಲ್ಲಿ ಬಂದ ಸ್ಲ್ಯಾಕ್‌ವೇರ್, ಡೆಬಿಯನ್ ಮೊದಲಾದವು ಈ ಶ್ರಮವನ್ನು ಇಳಿಸಿದವು.

2002ರ ಮಾರ್ಚಿಯಲ್ಲಿ ಕೆನಡಾದ ಜಡ್ ವಿನೆಟ್ ಎಂಬವರು ಆರ್ಚ್ ಲಿನಕ್ಸನ್ನು ಹೊರತಂದರು. ಬೇಕಾದುದಷ್ಟೇ ಇರಲಿ ಎಂಬುದು ಅದರ ನಿಯಮ. ಅದಕ್ಕೂ ಮೊದಲು ಪ್ರಶ್ನೆ ಕೇಳುತ್ತ ಸ್ಥಾಪಿಸುವ ಸಾಧನವೊಂದಿತ್ತು. ನೋಡಿಕೊಳ್ಳುವವರು ಸಾಲದೆ 2012ರ ಜುಲೈನಲ್ಲಿ ಅದನ್ನು ಕೈಬಿಟ್ಟರು. ವ್ರತವೆಂದೆನಷ್ಟೆ, ಅದರಲ್ಲೂ ಕೊಂಚ ಅನಿವಾರ್ಯವಿತ್ತು! 2021ರಲ್ಲಿ ಅಂಥ ಸಾಧನ ಮರಳಿ ಬಂದರೂ ಕೈಹಾದಿ ಮುಚ್ಚಲಿಲ್ಲ.

ಆ ಹಾದಿ ಹೀಗಿದೆ. ಕಪ್ಪು ತೆರೆಯು ನಿಮ್ಮ ಆಜ್ಞೆಗೆ ಕಾಯುತ್ತದೆ. ಎಫ್‌ಡಿಸ್ಕ್‌ನಿಂದ ಡಿಸ್ಕನ್ನು ಭಾಗಮಾಡಿ, ಎಂಕೆಎಫ್‌ಎಸ್ ಆಜ್ಞೆಯಿಂದ ಆ ಭಾಗವನ್ನು ಕಡತಗಳಿಗೆ ಹದಗೊಳಿಸಬೇಕು. ಎಚ್ಚರ ಬೇಕಾದುದು ಇಲ್ಲಿಯೇ. ಡಿಸ್ಕಿನ ಹೆಸರಿನಲ್ಲಿ 'ಎ' ಎಂದಿರಬೇಕಾದಲ್ಲಿ ನಾನು 'ಬಿ' ಎಂದು ಬರೆದೆ. ಮುಂದುವರಿಯಲೇ ಎಂದು ಯಂತ್ರ ಕೇಳಿತು. ಅವಸರದಲ್ಲಿ ಹೂಂ ಎಂದೆ. ಹನ್ನೆರಡು ವರ್ಷ ಕೂಡಿಸಿದ್ದ ಛಂದಸ್ಸಿನ ಟಿಪ್ಪಣಿಗಳು ಹೋದವು. ಶಾಸನದಲ್ಲಿ ಅಕ್ಷರ ಸವೆದಿದ್ದರೆ ಊಹಿಸಿ ಓದುತ್ತೇವೆ. ಇಲ್ಲಿ ಊಹೆಗೆ ಎಡೆಯಿಲ್ಲ.

ಬಳಿಕ ಆ ಭಾಗವನ್ನು ಮೌಂಟ್ ಆಜ್ಞೆಯಿಂದ ಜೋಡಿಸಿ, ಪ್ಯಾಕ್‌ಸ್ಟ್ರ್ಯಾಪ್‌ನಿಂದ ಮೂಲಸಾಮಗ್ರಿಯನ್ನು ತುಂಬಬೇಕು. 2019ರ ಅಕ್ಟೋಬರಿನಿಂದ ಆ ಮೂಲ ಕಟ್ಟಿನಲ್ಲಿ ವ್ಯವಸ್ಥೆಯ ತಿರುಳಾದ ಕರ್ನೆಲ್ ಸೇರಿಲ್ಲ. ಹೆಸರಿಟ್ಟು ಕರೆದರೆ ಮಾತ್ರ ಬರುತ್ತದೆ. ಆಮೇಲೆ ಆರ್ಚ್-ಚ್ರೂಟ್ ಮೂಲಕ ಹೊಸ ಮನೆಯೊಳಗೆ ಹೊಕ್ಕು, ಕಾಲ, ಭಾಷೆ, ಗುಪ್ತಪದಗಳನ್ನು ಗೊತ್ತುಮಾಡಬೇಕು.

ಅಲ್ಲಿನ ಭಾಷೆಗಳ ಪಟ್ಟಿಯಲ್ಲಿ ಕನ್ನಡದ ಸಾಲೂ ಉಂಟು. ಅದರ ಮುಂದಿನ ಹ್ಯಾಷ್ ಚಿಹ್ನೆಯನ್ನು ಅಳಿಸಿ, ಲೊಕೇಲ್-ಜೆನ್ ಎಂದು ಬರೆದರೆ ಕನ್ನಡದ ಏರ್ಪಾಡು ಸಿದ್ಧವಾಗುತ್ತದೆ. ಆದರೆ ಆ ಕಪ್ಪು ತೆರೆಗೆ ನಮ್ಮ ಒತ್ತಕ್ಷರಗಳನ್ನು ಕೂಡಿಸಿ ತೋರಿಸುವ ಶಕ್ತಿಯಿಲ್ಲ. ಅದಕ್ಕೆ ಚಿತ್ರತೆರೆಯನ್ನೂ ಕನ್ನಡದ ಫಾಂಟನ್ನೂ ನೀವು ಬೇರೆಯಾಗಿ ತರಿಸಿಕೊಳ್ಳಬೇಕು.