ತವರಿನ ಹೊಲ, ಬ್ಯಾಂಕಿನ ಹಣ

ನವಲಗುಂದ, ಅಣ್ಣಿಗೇರಿ ಕಡೆಯ ಎರೆಹೊಲ ಎಲ್ಲಿಗೂ ಓಡಿಹೋಗುವುದಿಲ್ಲ. ಪಾಲಿನ ದಾವೆ ನಡೆದಿರುವಾಗ ಅಣ್ಣ ಅದನ್ನು ಮಾರಿದರೂ, 1882ರ ಸ್ವತ್ತು ವರ್ಗಾವಣೆ ಕಾನೂನಿನ 52ನೆಯ ಕಲಮು ಕೊಂಡವನನ್ನು ಆ ತೀರ್ಪಿಗೇ ಕಟ್ಟಿಹಾಕುತ್ತದೆ. ಹಣಕ್ಕೆ ಆ ಕಟ್ಟಿಲ್ಲ. ಕಾಲುವೆಗೋ ರಸ್ತೆಗೋ ಹೋದ ಹೊಲದ ಪರಿಹಾರ, ಉತಾರದಲ್ಲಿ ಹೆಸರಿದ್ದವನ ಖಾತೆಗೆ ಬಿತ್ತೆಂದರೆ, ತಂಗಿಗೆ ಸುದ್ದಿ ಮುಟ್ಟುವಷ್ಟರಲ್ಲಿ ಟ್ರ್ಯಾಕ್ಟರಾಗಿರುತ್ತದೆ.

ಪಿತ್ರಾರ್ಜಿತದಲ್ಲಿ ಮಗಳು ಮಗನ ಸಮಕ್ಕೆ ಬಂದದ್ದಾದರೂ ಯಾವಾಗ? ಮೈಸೂರು ಸಂಸ್ಥಾನ 1933ರಲ್ಲಿ ಹೆಂಗಸರ ಹಕ್ಕಿನ ಕಾನೂನು ಮಾಡಿದಾಗ ಧಾರವಾಡ ಮುಂಬಯಿ ಪ್ರಾಂತದಲ್ಲಿತ್ತು. ನಮ್ಮ ಅಜ್ಜಿಯರಿಗೆ ಅದು ದಕ್ಕಲಿಲ್ಲ. 1956ರ ಕಾನೂನು ತಂದೆಯ ಪಾಲಿನಲ್ಲಷ್ಟೇ ತುಣುಕು ಕೊಟ್ಟಿತು. 1994ರ ಜುಲೈ 30ರಂದು ಜಾರಿಗೆ ಬಂದ ರಾಜ್ಯದ ತಿದ್ದುಪಡಿ ಅದಕ್ಕೂ ಮೊದಲೇ ಮದುವೆಯಾದವರನ್ನು ಹೊರಗಿಟ್ಟಿತು. ತಾಳಿಗೆ ತಾರೀಖು ನೋಡುವ ಈ ಲೆಕ್ಕ ನನಗಂತೂ ಇಂದಿಗೂ ತಿಳಿದಿಲ್ಲ. 2005ರಲ್ಲಿ ಕೇಂದ್ರ ಆ ಬೇಲಿ ಕಿತ್ತಿತು. ಆ ವೇಳೆಗೆ ತಂದೆ ಬದುಕಿರಲೇಬೇಕೆಂದಿಲ್ಲ ಎಂದು ಸುಪ್ರೀಂ ಕೋರ್ಟು 2020ರಲ್ಲಿ ಹೇಳಿತು.

ಇಷ್ಟಾದರೂ ಪಂಚಮಿಗೆ ಕರೆಯುವುದು ನಿಂತೀತೆಂದು ಹೆಣ್ಣುಮಕ್ಕಳು ಕೋರ್ಟಿನ ಮೆಟ್ಟಿಲು ಹತ್ತುವುದೇ ತಡ. ಅಷ್ಟರಲ್ಲಿ ಹಣ ಕರಗಬಾರದೆಂದೇ 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೆಯ ಆದೇಶದಲ್ಲಿ ತಾತ್ಕಾಲಿಕ ತಡೆಯಾಜ್ಞೆಯಿದೆ. ಮೇಲ್ನೋಟಕ್ಕೆ ಹಕ್ಕಿದೆಯೇ, ತಡೆಯದಿದ್ದರೆ ಯಾರಿಗೆ ಹೆಚ್ಚು ತೊಂದರೆ, ಹಾನಿ ಮುಂದೆ ತುಂಬಿಬರುವಂಥದೇ ಎಂದು ನ್ಯಾಯಾಧೀಶರು ನೋಡುತ್ತಾರೆ. ಕೊನೆಯದೇ ಕಷ್ಟ. ಹಣದ ನಷ್ಟ ಹಣದಿಂದಲೇ ತುಂಬುತ್ತದಲ್ಲ ಎಂದು ಎದುರು ವಕೀಲರು ಕೇಳುತ್ತಾರೆ. ತುಂಬುವವನ ಕೈಯಲ್ಲಿ ಉಳಿದಿದ್ದರೆ ತಾನೆ! ಅರ್ಜಿಯಲ್ಲಿ ಬ್ಯಾಂಕು, ಖಾತೆ, ಮೊತ್ತ ಬಿಡಿಸಿ ಬರೆಯಬೇಕು. ಆಜ್ಞೆಯ ಪ್ರತಿ ಅಂದೇ ಬ್ಯಾಂಕಿಗೂ ಮುಟ್ಟಬೇಕು. ಮೀರಿದವನ ಆಸ್ತಿ ಜಪ್ತಿಯಾದೀತು, ಮೂರು ತಿಂಗಳವರೆಗೆ ಸಿವಿಲ್ ಜೈಲೂ ಆದೀತು.